ಗೋಡೆಯ ಮೇಲಿನ ಸುಭದ್ರಾಬಾಯಿ

ಭಾಲ್ಕಿಯ ನಮ್ಮ ಮನೆಯ ಪಡಸಾಲೆಯಲ್ಲಿ ನನ್ನ ಗಂಡನ ತಾಯಿಯ ಚಿತ್ರವಿದೆ. ಎಣ್ಣೆ ಬಣ್ಣದಲ್ಲಿ ಬರೆದದ್ದು. ಎದೆಯವರೆಗೆ ಮಾತ್ರ. ಹಸಿರು ಸೀರೆ, ತಲೆಯ ಮೇಲೆ ಸೆರಗು, ಮೂಗಿನಲ್ಲಿ ನತ್ತು, ಹಣೆಯಲ್ಲಿ ಅಗಲವಾದ ಕುಂಕುಮ. ಕೆಳಗೆ ಬಿಳಿಯ ಅಕ್ಷರಗಳಲ್ಲಿ ಸುಭದ್ರಾಬಾಯಿ ಮಡೆಪ್ಪ ಎಂದು ಹೆಸರು. ಆಕೆ ಸತ್ತಾಗ ದಿಲೀಪನಿಗೆ ಹನ್ನೊಂದು ತಿಂಗಳು. ಈಗ ಅವನಿಗೆ ನಲವತ್ತೊಂಬತ್ತು. ಬೀಜ-ಗೊಬ್ಬರದ ಅಂಗಡಿಗೆ ಹೊರಡುವ ಮೊದಲು ಚೌಕಟ್ಟಿನ ಕೆಳಗಂಚನ್ನು ಮುಟ್ಟಿ ಕಣ್ಣಿಗೊತ್ತಿಕೊಳ್ಳುತ್ತಾನೆ. ಮದುವೆಯಾಗಿ ಬಂದ ಮರುದಿನ ನೋಡಿದ್ದೆ, ಇಪ್ಪತ್ತೆರಡು ವರ್ಷದಿಂದ ನೋಡುತ್ತಿದ್ದೇನೆ. ಒಂದು ದಿನವೂ ತಪ್ಪಿಲ್ಲ.

ಸುಭದ್ರಾಬಾಯಿ ಸತ್ತ ಮೇಲೆ ಮಾವ ಮಡೆಪ್ಪನವರು ಆಕೆಯ ತಂಗಿಯನ್ನೇ ಮಾಡಿಕೊಂಡರು. ಆ ತಂಗಿ ಸಖುಬಾಯಿ, ನನ್ನ ಅತ್ತೆ. ದಿಲೀಪನಿಗೆ ಉಣಿಸಿದವರು, ಸಾಲೆಗೆ ಕಳಿಸಿದವರು, ವಿಷಮಜ್ವರ ಬಂದಾಗ ಹದಿನೆಂಟು ದಿನ ಹಾಸಿಗೆಯ ಪಕ್ಕ ಕೂತವರು ಅವರೇ. ಆದರೂ ಅವರು ಅವನಿಗೆ ಚಿಗವ್ವ. ಅವ್ವ ಎಂದರೆ ಗೋಡೆಯ ಮೇಲಿದ್ದಾಕೆ. ಅತ್ತೆ ಇದಕ್ಕೆ ಬೇಸರಪಟ್ಟದ್ದನ್ನು ನಾನು ಕಂಡಿರಲಿಲ್ಲ. ಮನೆಯವರ ಮುಖಗಳನ್ನು ಓದುತ್ತಲೇ ದಿನ ಕಳೆಯುವವಳು ನಾನು. ಯಾರ ಧ್ವನಿ ಎಷ್ಟು ಏರಿತು, ಯಾರು ತಾಟಿನಲ್ಲಿ ಎಷ್ಟು ಬಿಟ್ಟರು ಎಂದು ಲೆಕ್ಕವಿಡದಿದ್ದರೆ ನನಗೆ ನಿದ್ದೆ ಬರುವುದಿಲ್ಲ. ಆದರೂ ಕಂಡಿರಲಿಲ್ಲ.

ಈ ಸಲದ ಮಳೆಗೆ ಪಡಸಾಲೆಯ ಗೋಡೆ ನೀರು ಕುಡಿಯಿತು. ಒಂದು ಬೆಳಿಗ್ಗೆ ನೋಡಿದರೆ ಚಿತ್ರದ ಎಡಗೆನ್ನೆಯ ಬಣ್ಣ ಉಬ್ಬಿ ಎದ್ದಿತ್ತು. ದಿಲೀಪ ಅದರ ಮೇಲೆ ಬೆರಳಿಡಲು ಹೋಗಿ ಹಿಂದೆ ತೆಗೆದ.

"ಬೀದರಕ್ಕ ಒಯ್ದು ತೋರಸು," ಅಂದ ನನಗೆ. "ಮೂಲಿಯಾಗ ಹೆಸರು ಅದ ನೋಡು, ಅಬ್ದುಲ ವಾಹೀದ ಅಂತ. ಬದುಕ್ಯಾರಂತ, ಚೌಬಾರಾ ಹಿಂದ ಅಂಗಡಿ. ಅವರೇ ಮಾಡಬೇಕು, ಬ್ಯಾರೆ ಯಾರ ಕೈಗೂ ಕೊಡಬ್ಯಾಡ. ಪಿತೃಪಕ್ಷದೊಳಗ ಗೋಡಿಗಿ ಬರ್ಬೇಕು."

"ನಾನೂ ಬರ್ತೇನಿ," ಅಂದರು ಅತ್ತೆ ಒಳಗಿನಿಂದ.

"ನೀ ಯಾಕ ಚಿಗವ್ವ? ಮೊಣಕಾಲು ಹಿಡೀತಾವ, ಬಸ್ಸು ಹತ್ತಿ ಇಳಿಯೂದು."

"ಹಿಡೀಲಿ. ನನ್ನ ಮೊಣಕಾಲು."

ಚಿತ್ರವನ್ನು ಹಳೆಯ ಚಾದರದಲ್ಲಿ ಸುತ್ತಿ ಬಸ್ಸಿನಲ್ಲಿ ಇಬ್ಬರ ತೊಡೆಯ ಮೇಲೂ ಅಡ್ಡ ಇಟ್ಟುಕೊಂಡೆವು. ಅತ್ತೆ ದಾರಿಯುದ್ದಕ್ಕೂ ಚೌಕಟ್ಟಿನ ಅಂಚು ಹಿಡಿದೇ ಕೂತಿದ್ದರು.

ಅಬ್ದುಲ ವಾಹೀದರ ಅಂಗಡಿಯ ಮುಂಭಾಗದಲ್ಲಿ ಈಗ ಅವರ ಮಗ ಫ್ಲೆಕ್ಸ್ ಬ್ಯಾನರ್ ಮಾಡಿಕೊಡುತ್ತಾನೆ. ಒಳಗೆ, ಹಿತ್ತಲಿನ ಬೆಳಕು ಬೀಳುವ ಕಡೆ, ಮುದುಕರು ಕುರ್ಚಿಯಲ್ಲಿದ್ದರು. ಎಪ್ಪತ್ತು ದಾಟಿದವರು, ಬಿಳಿ ಗಡ್ಡ, ಕೈ ಸಣ್ಣಗೆ ನಡುಗುತ್ತಿತ್ತು. ಚಾದರ ಬಿಚ್ಚಿ ಚಿತ್ರವನ್ನು ಬೆಳಕಿಗೆ ಹಿಡಿದರು. ಉಬ್ಬಿದ ಕೆನ್ನೆ ನೋಡಿದರು. ಆಮೇಲೆ ತಲೆಯೆತ್ತಿ ಅತ್ತೆಯನ್ನು ನೋಡಿದರು. ಮತ್ತೆ ಚಿತ್ರ. ಮತ್ತೆ ಅತ್ತೆ.

"ಖಟಕ ಚಿಂಚೋಳಿ ಮಡೆಪ್ಪನವರ ಮನಿಯವ್ರಲ್ಲೇನ್ರಿ ಬಾಯಿ?"

"ಹೌದ್ರಿ ಸಾಬ. ಆಗ ಅಲ್ಲೇ ಇದ್ದಿವಿ."

"ಕುಂತವ್ರು ನೀವೇ."

"ನಾನೇ ರಿ."

ನನಗೆ ತಿಳಿಯಲಿಲ್ಲ. ಅದನ್ನು ಕಂಡು ಮುದುಕರು ಸಾಲೆ ಹುಡುಗಿಗೆ ಹೇಳುವ ಹಾಗೆ ಹೇಳಿದರು. "ಆಗಿನ ಕಾಲಕ್ಕ ಹಳ್ಳಿ ಹೆಣ್ಮಕ್ಕಳ ಫೋಟೊ ಎಲ್ಲಿ ಇರ್ತಿತ್ತು ಬೇಟಾ? ಸತ್ತವ್ರ ರಕ್ತದಾಗಿನವ್ರನ್ನ ಕೂಡಸ್ತಿದ್ದೆ. ತಮ್ಮ ಸತ್ರ ಅಣ್ಣನ್ನ, ಅವ್ವ ಸತ್ರ ಮಗಳನ್ನ. ಅವ್ರ ಮಾರಿ ಬರದು, ಆಮ್ಯಾಲ ಮನಿಯವ್ರನ್ನ ಕೇಳೂದು. ಏನು ಹೆಚ್ಚು ಮಾಡ್ಲಿ, ಏನು ಕಮ್ಮಿ ಮಾಡ್ಲಿ? ಮೂಗು ಉದ್ದ ಇತ್ತು ಅಂದ್ರ ಉದ್ದ. ಕಪ್ಪಿದ್ರು ಅಂದ್ರ ಮ್ಯಾಲೊಂದು ಕೈ ಕಪ್ಪು. ಈ ಬಾಯಿಯವ್ರ ಮಾವ ಬಂದು ನೋಡಿದ್ರು. ಏನೂ ಮಾಡಬ್ಯಾಡ, ಚೆಂದ ಬಂದದ, ಹಿಂಗೇ ಇರ್ಲಿ ಅಂದ್ರು. ನಾ ಬಿಟ್ಟೆ."

ನಾನು ಚಿತ್ರವನ್ನು ನೋಡಿದೆ. ಅಕ್ಕತಂಗಿಯರೆಂದ ಮೇಲೆ ಹೋಲಿಕೆ ಇದ್ದೇ ಇರುತ್ತದೆ ಎಂದು ಇಪ್ಪತ್ತೆರಡು ವರ್ಷ ಅಂದುಕೊಂಡಿದ್ದೆ. ಅತ್ತೆಯ ಹುಬ್ಬು ಬಲಕ್ಕೆ ಸ್ವಲ್ಪ ಏರಿದೆ. ಚಿತ್ರದಲ್ಲಿಯೂ ಏರಿದೆ. ಅತ್ತೆಯ ಕೆಳತುಟಿಯ ನಡುವೆ ಒಂದು ಗೆರೆ. ಚಿತ್ರದಲ್ಲಿಯೂ ಇದೆ.

"ಮೂರು ದಿನ ಕುಂತೆ," ಅಂದರು ಅತ್ತೆ, ನನ್ನ ಕಡೆ ನೋಡದೆ. "ನನ್ನ ಕೂಸು ಹೋಗಿ ಇಪ್ಪತ್ತು ದಿನ ಆಗಿತ್ತು. ಹಿರೇಹೆಂಡತಿಗಿ ಮನ್ಯಾಗ ಮಾರಿ ಇಲ್ಲ, ಒಂದು ಫೋಟೊ ಇಲ್ಲ, ಅದಕ್ಕ ಸಿಟ್ಟಾಗಿ ಕೂಸು ಒಯ್ದಾಳ ಅಂತ ನಮ್ಮತ್ತಿ ದೇವರು ಕೇಳಿಸಿಕೊಂಡು ಬಂದಿದ್ಳು. ಅಕ್ಕನ ಸೀರಿ ಉಡಿಸಿದ್ರು, ಅಕ್ಕನ ನತ್ತು ಇಟ್ರು. ಎದಿಯಾಗ ಇನ್ನಾ ಹಾಲಿತ್ತು. ಸೀರಿ ತೊಯ್ತಿತ್ತು. ಸೆರಗು ಒಂದಿಷ್ಟು ಮ್ಯಾಲ ತಗೋರಿ ಅಂದ್ರಿ ನೀವು."

"ಅಂದಿದ್ದೆ," ಅಂದರು ಮುದುಕರು. "ಕೊರಳಾಗ ಸವತಿ ಬಿಲ್ಲಿ ಇತ್ತು ನಿಮಗ. ಅದನ್ನ ತಗದುಬಿಡು ಅಂದಿದ್ರು ನಿಮ್ಮ ಮಾವ. ಬಿಲ್ಲಿ ತಗದೆ. ದಾರ ಹಂಗೇ ಉಳೀತು ನೋಡ್ರಿ. ಮರ್ತೆ."

ನಮ್ಮ ಕಡೆ ಎರಡನೆಯ ಹೆಂಡತಿಯಾಗಿ ಬಂದವಳು ಸತ್ತ ಸವತಿಯ ಹೆಸರಿನಲ್ಲಿ ಬೆಳ್ಳಿಯ ಬಿಲ್ಲೆಯೊಂದನ್ನು ಕರಿದಾರಕ್ಕೆ ಕಟ್ಟಿಕೊಳ್ಳುತ್ತಾಳೆ. ಸತ್ತ ಮೊದಲ ಹೆಂಡತಿಗೆ ಆ ದಾರದ ಕೆಲಸವಿಲ್ಲ. ನಾನು ಬಗ್ಗಿ ನೋಡಿದೆ. ತಾಳಿಯ ಪಕ್ಕದಲ್ಲಿ ಸಣ್ಣಗೆ ಒಂದು ಕರಿದಾರ ಸೆರಗಿನೊಳಗೆ ಇಳಿದಿತ್ತು. ದಿನಾ ಒರೆಸುವಾಗ ಅದರ ಮೇಲೆ ಬಟ್ಟೆ ಆಡಿಸಿದ್ದೇನೆ.

"ಸಾಬ," ಅಂದರು ಅತ್ತೆ, "ಇನ್ನೊಂದು ಫೋಟೊ ಬರದು ಕೊಡ್ರಿ. ನಮ್ಮಕ್ಕಂದು. ಖರೇ ಅಕ್ಕಂದು. ಆಕಿ ಹ್ಯಾಂಗಿದ್ಳು ನಾ ಹೇಳ್ತೇನಿ."

"ಕೈ ನಡಗ್ತಾವ ಬಾಯಿ. ಎಂಟು ವರ್ಷ ಆತು ಬಿಟ್ಟು. ಈಗ ಯಾರಿಗಿ ಬೇಕು? ಮೊಬೈಲ್‌ನಾಗಿನ ಫೋಟೊ ತರ್ತಾರ, ಮಗ ಹಿಂದ ಕೈಲಾಸ ಹಚ್ಚಿ ಕೊಡ್ತಾನ."

"ನಡಗಲಿ ಬಿಡ್ರಿ. ನನ್ನ ಸುಂದರಿ ಮಾಡಾಕ ಬಂದವ್ರಿಗಿ ನಮ್ಮಕ್ಕನ್ನ ಬರಿಯೂದು ಎಷ್ಟರದು? ಆಕಿ ಅಷ್ಟು ಚೆಂದ ಇದ್ದಿಲ್ಲ."

ಮುದುಕರು ನಕ್ಕರು. ಹಲಗೆಗೆ ಕಾಗದ ಚುಚ್ಚಿ ಇದ್ದಿಲು ತೆಗೆದುಕೊಂಡರು. ಇದ್ದಿಲು ಕಾಗದಕ್ಕೆ ತಾಗಿದ ಕೂಡಲೇ ಕೈಯ ನಡುಕ ನಿಂತಿತು.

"ಮಾರಿ ಉದ್ದಾ, ಗುಂಡಾ?"

"ಗುಂಡೂ ಅಲ್ಲ ಉದ್ದೂ ಅಲ್ಲ. ಗದ್ದ ಚಪ್ಪಟಿ. ಹ್ಞಾ, ಇನ್ನೊಂದಿಷ್ಟು. ಹಣಿ ಸಣ್ಣದು. ಕೂದಲ ಮುಂದಕ್ಕ ಬಂದಿದ್ವು. ಎಡಗಡೆ ಹುಬ್ಬಿಗಿ ಕೊಡಲಿ ಹಿಡಿ ಬಡದು ಸೀಳಿತ್ತು, ಅಲ್ಲಿ ಕೂದಲ ಇದ್ದಿಲ್ಲ. ಹಲ್ಲು ಮುಂದ. ಮ್ಯಾಲಿನವು ಎರಡು. ಇಷ್ಟಲ್ಲ, ಇನ್ನೂ ಮುಂದ. ಬಾಯಿ ಮುಚ್ಚಿದ್ರೂ ಕಾಣ್ತಿದ್ವು."

ಎರಡು ತಾಸು ಹೀಗೆ ನಡೆಯಿತು. ಅವರು ಒರೆಸಿ ಬರೆಯುವರು, ಇವರು ತಿದ್ದುವರು. ನಾನು ಒಂದು ಸ್ಟೂಲಿನ ಮೇಲೆ ಕೂತು ಕಾಗದಕ್ಕಿಂತ ಹೆಚ್ಚಾಗಿ ಅತ್ತೆಯ ಮುಖ ನೋಡುತ್ತಿದ್ದೆ. ಪ್ರತಿ ಸಲ ತಿದ್ದಿದಾಗಲೂ ಆ ಹಲ್ಲು ಸ್ವಲ್ಪ ಬೆಳೆಯುತ್ತಿತ್ತು. ಬಣ್ಣ ಕಪ್ಪಾಗುತ್ತಿತ್ತು. ನನ್ನ ಮನಸ್ಸಿಗೆ ಬಂದದ್ದೇ ಮುದುಕರ ಬಾಯಿಗೂ ಬಂತು.

"ಬಾಯಿ, ತಪ್ಪು ತಿಳೀಬ್ಯಾಡ್ರಿ. ಇದು ಯಾದೋ, ಗುಸ್ಸಾವೋ? ನೆನಪೋ, ಸಿಟ್ಟೋ?"

ಅತ್ತೆ ಸೆರಗು ಸರಿಮಾಡಿಕೊಂಡರು. "ಗುಸ್ಸಾನೂ ಅದ. ಇಲ್ಲ ಅಂತ ಯಾಕ ಹೇಳ್ಲಿ? ಹಲ್ಲು ಒಂದಿಷ್ಟು ಹಿಂದಕ್ಕ ತಗೋರಿ. ಹ್ಞಾ. ಸಾಕು. ಅಲ್ಲೇ ಇದ್ವು."

ಆ ಮೇಲೆ ಕಾಗದ ನೋಡುತ್ತಾ, "ನಗಾಕಿ ಆಕಿ. ಹಲ್ಲ ಕಾಣ್ತಾವಂತ ಸೆರಗು ಬಾಯಿಗಿ ಹಿಡಕೊಂಡು ನಗಾಕಿ," ಅಂದರು.

"ಒಂದು ಮಾತು ಹೇಳ್ತೇನಿ," ಅಂದರು ಮುದುಕರು ಇದ್ದಿಲು ಕೆಳಗಿಡುತ್ತಾ. "ನಾ ನಾನ್ನೂರು ಸತ್ತವ್ರನ್ನ ಬರದೀನಿ. ಸತ್ತವ್ರು ಹ್ಯಾಂಗಿದ್ರೋ ಹಂಗ ಬರಿ ಅಂತ ಒಬ್ರೂ ಅಂದಿಲ್ಲ. ದಿನಾ ನೋಡಾಕ ಆಗೂವಂಥ ಮಾರಿ ಬೇಕು ಮಂದಿಗಿ. ಇದನ್ನ ನಿಮ್ಮ ಮನ್ಯಾಗ ಯಾರು ನೋಡ್ತಾರ, ವಿಚಾರ ಮಾಡೀರೇನು?"

"ಆಕಿ ಮಗ ನೋಡ್ತಾನ," ಅಂದರು ಅತ್ತೆ.

ತಿರುಗಿ ಬರುವಾಗ ಬಸ್ಸಿನಲ್ಲಿ ನಾನು ಕೇಳಿದೆ, ಇಷ್ಟು ವರ್ಷ ಬಿಟ್ಟು ಈಗ ಯಾಕೆ ಎಂದು. ಇದನ್ನು ಹೇಗೆ ಕೇಳಬೇಕು ಎಂದು ಕಮಠಾಣದ ಕ್ರಾಸಿನಿಂದ ವಾಕ್ಯ ಜೋಡಿಸುತ್ತಿದ್ದೆ. ಕೊನೆಗೆ ಎರಡೇ ಪದ ಹೊರಬಂದವು.

"ಹಿಂದ ಹೇಳ್ಬೇಕಂತಿದ್ದೆ. ದಿಲೀಪಗ ಮೂರು ವರ್ಷ. ನಿಮ್ಮ ಮಾವ ಅವನ್ನ ಎತ್ತಿ ಹಿಡದು, ನೋಡು ನಿಮ್ಮವ್ವ ಅಂದ್ರು. ಕೂಸು ಫೋಟೊದ ಕೆನ್ನಿ ಮುಟ್ತು. ಅವತ್ತು ಎರಡು ರೊಟ್ಟಿ ತಿಂದ. ತಿನ್ನಲಾರದ ಕೂಸು. ಆಮ್ಯಾಲ ಹ್ಯಾಂಗ ಹೇಳ್ಲಿ?" ಕಿಟಕಿಯ ಹೊರಗೆ ಸೋಯಾ ಹೊಲಗಳು ನೀರು ನಿಂತು ಹಳದಿಯಾಗಿದ್ದವು. "ಮದ್ವಿ ಆದ ಹೆಣ್ಣು ನಾ, ಬದುಕಿದಾಕಿ. ನನ್ನ ಮಾರಿಗಿ ಸತ್ತವ್ರ ಹಾರ ಹಾಕೂದು. ವರ್ಷಾ ನಾನೇ ಅಡಗಿ ಮಾಡೂದು, ನನಗೇ ಎಡಿ ಹಿಡಿಯೂದು. ರೂಢಿ ಆತು. ಆದ್ರ ಈಗೀಗ ತಲಿ ತಿರಗ್ತದ ಸಿದ್ದಿ. ನಾಳೆ ನಾ ಹೋದ್ರ ನಂದೂ ಒಂದು ಫೋಟೊ ಹಾಕ್ತೀರಿ, ಅದರ ಬಾಜೂಕ. ಆಗ ಆ ಗೋಡಿಗಿ ಇಬ್ಬರೂ ನಾನೇ. ಆಕಿ ಎಲ್ಲಿ? ನಿಮ್ಮ ಮಾವ ಹೋದ ಮ್ಯಾಲ ಆಕಿ ಮಾರಿ ನೋಡಿದಾಕಿ ನಾ ಒಬ್ಬಾಕೀ ಉಳದೀನಿ, ನಮ್ಮಣ್ಣ ಒಬ್ಬ."

ತಿಂಗಳ ನಂತರ ಎರಡೂ ಚಿತ್ರಗಳನ್ನು ತಂದೆವು. ಹಳೆಯದರ ಕೆನ್ನೆ ಸರಿಯಾಗಿತ್ತು, ಮೊದಲಿಗಿಂತ ತುಸು ಕೆಂಪಗೆ. ಹೊಸದನ್ನು ನಾನು ಅಂಗಡಿಯಲ್ಲಿಯೇ ಬಹಳ ಹೊತ್ತು ನೋಡಿದೆ. ಹೊಲದಿಂದ ಈಗ ಬಂದು ಬಾಗಿಲಲ್ಲಿ ನಿಂತು ಏನೋ ಹೇಳಲು ಹೊರಟಂತಿದ್ದ ಕಪ್ಪು ಹೆಂಗಸು. ಸೀಳಿದ ಹುಬ್ಬು. ತುಟಿಯ ಮೇಲೆ ಕೂತ ಎರಡು ಹಲ್ಲು. ಕಣ್ಣು ಮಾತ್ರ ತಮಾಷೆಯವು. ನನಗೆ ಅದು ಚೆನ್ನಾಗಿ ಕಾಣಲಿಲ್ಲ. ಇದನ್ನು ಬರೆಯದೆ ಬಿಡಬಹುದಿತ್ತು, ಆದರೆ ಮುಂದೆ ನಾನು ಮಾಡಿದ್ದಕ್ಕೆ ಇದೂ ಕಾರಣವಿರಬಹುದು. ಅತ್ತೆ ಅದನ್ನು ನೋಡಿ ಸೆರಗು ಬಾಯಿಗೆ ಹಿಡಿದುಕೊಂಡರು. "ಇದೇ ಆಕಿ," ಅಂದರು. ನಕ್ಕರೋ ಅತ್ತರೋ ನನಗೆ ಗೊತ್ತಾಗಲಿಲ್ಲ.

ದಿಲೀಪ ಅಂಗಡಿಯಿಂದ ಊಟಕ್ಕೆ ಬಂದಾಗ ಎರಡೂ ಚಿತ್ರಗಳು ಗೋಡೆಗೆ ಒರಗಿದ್ದವು. ಹಳೆಯದರ ಕೆನ್ನೆ ನೋಡಿ ಅವನ ಮುಖ ಅರಳಿತು. ಆಮೇಲೆ ಪಕ್ಕದ್ದನ್ನು ಕಂಡ.

"ಇದು ಯಾರು?"

ನಾನು ನಾಲ್ಕೈದು ರೀತಿಯ ಮಾತು ಸಿದ್ಧಮಾಡಿಕೊಂಡಿದ್ದೆ. ಅತ್ತೆ ನನಗೆ ಅವಕಾಶ ಕೊಡಲಿಲ್ಲ. ಅಡುಗೆಮನೆಯ ಹೊಸ್ತಿಲಲ್ಲಿ ಕೂತು, ಒಂದೂ ಬಿಡದೆ, ಧ್ವನಿ ಏರಿಸದೆ ಎಲ್ಲ ಹೇಳಿದರು. ದಿಲೀಪ ನಿಂತೇ ಕೇಳಿದ. ಮುಗಿದ ಮೇಲೆ ಕೈಯಲ್ಲಿದ್ದ ಬೈಕಿನ ಕೀಲಿಯನ್ನು ಒಮ್ಮೆ ನೋಡಿಕೊಂಡ.

"ಚಿಗವ್ವ, ನಾ ನಿನಗ ಏನು ಕಮ್ಮಿ ಮಾಡೀನಿ?"

"ಏನೂ ಕಮ್ಮಿ ಮಾಡಿಲ್ಲೋ ತಮ್ಮಾ."

"ಮತ್ತ ಇದು ಯಾಕ? ಒಂದೇ ಒಂದು ಮಾರಿ ಇತ್ತು ನನಗ. ಅದೂ ನಿಂದೇ ಅಂತಿ."

"ಆ ಫೋಟೊ ನಾ ಕೇಳಿಲ್ಲ. ಗೋಡಿಗಿ ಇರ್ಲಿ. ಹಾರ ಇದಕ್ಕ ಹಾಕು ಅಂತೇನಿ ಅಷ್ಟೇ. ನಿನ್ನ ಹಡದಾಕಿ ಇಕಿ. ನಿನ್ನ ಗದ್ದ ನೋಡಿಕೋ, ಕನ್ನಡಿ ಒಳಗ."

ದಿಲೀಪನ ಗದ್ದ ಚಪ್ಪಟೆ. ನನಗೆ ಆಗಷ್ಟೇ ಹೊಳೆಯಿತು. ಆದರೆ ಅವನು ನೋಡಿಕೊಳ್ಳಲಿಲ್ಲ. "ಸವತಿ ಮತ್ಸರ ಅಂದ್ರ ಸತ್ತ ಮ್ಯಾಲೂ ಬಿಡಂಗಿಲ್ಲ ಅಂತಾರ," ಅಂದ, ನಮ್ಮಿಬ್ಬರಿಗೂ ಅಲ್ಲದ ಹಾಗೆ. ಅತ್ತೆ ಕಣ್ಣು ಮುಚ್ಚಿ ತೆರೆದರು. ಅವನಿಗೂ ತಾನು ಆಡಿದ್ದು ಹೆಚ್ಚಾಯಿತು ಅನ್ನಿಸಿರಬೇಕು. ಅನ್ನ ಕಲೆಸುತ್ತಾ ಸಮಾಧಾನದಲ್ಲಿ ಹೇಳಿದ, "ಔರಾದಿಗಿ ಹೋಗೂಣು. ದತ್ತಾತ್ರಿ ಮಾಮಾ ಹೇಳ್ಲಿ. ಅವ ಇಬ್ಬರಿಗೂ ಅಣ್ಣ. ಇದೇ ಸುಭದ್ರಾ ಅಂತ ಅವ ಅಂದ್ರ ಅವತ್ತೇ ಹಾರ ಬದ್ಲಿ ಮಾಡ್ತೇನಿ. ಆತಿಲ್ಲೊ?"

"ಆತು," ಅಂದರು ಅತ್ತೆ. ಅವರ ಮುಖದಲ್ಲಿ ಅಷ್ಟು ನಂಬಿಕೆಯನ್ನು ನಾನು ಎಂದೂ ನೋಡಿರಲಿಲ್ಲ. ನನಗೆ ಹೆದರಿಕೆಯಾದದ್ದು ಆಗಲೇ.

ಭಾನುವಾರ ಅಂಗಡಿಯ ಮಾಲು ತರುವ ವ್ಯಾನಿನಲ್ಲಿ ಔರಾದಿಗೆ ಹೋದೆವು. ದತ್ತಾತ್ರಿ ಮಾಮಾನಿಗೆ ಎಂಬತ್ತರ ಹತ್ತಿರ. ಅಂಗಳದ ಬೇವಿನ ಕೆಳಗೆ ಹಗ್ಗದ ಮಂಚದ ಮೇಲೆ ಕೂತು ಹೆಸರುಕಾಯಿ ಬಿಡಿಸುತ್ತಿದ್ದರು. ಕುರಿ ಮೇಯಿಸಿ ಬೆಳೆದ ಜೀವ, ಇನ್ನೂ ಗಟ್ಟಿ. ತಂಗಿಯನ್ನು ಕಂಡು ಖುಷಿಯಾದರು.

"ಏನು ಸಖೂ, ಪಿತೃಪಕ್ಷಕ್ಕ ನಾನೇ ಬರಾಂವ ಇದ್ದೆ. ಅಷ್ಟರಾಗ ನೀನೇ ಬಂದಿ. ಎಡಿ ಇಲ್ಲಿಗೇ ತಂದಿ ಏನು?"

ದಿಲೀಪ ಏನೂ ಮುಂದಾಗಿ ಹೇಳಬಾರದೆಂದು ನಮ್ಮಿಬ್ಬರಿಂದಲೂ ಮಾತು ತೆಗೆದುಕೊಂಡಿದ್ದ. ಎರಡು ಚಿತ್ರಗಳನ್ನೂ ಮಂಚದ ಕಾಲಿಗೆ ಒರಗಿಸಿ ಕೇಳಿದ. "ಮಾಮಾ, ಇದರಾಗ ನಮ್ಮವ್ವ ಯಾರು?"

ಮಾಮಾ ಚಷ್ಮಾ ಹಾಕಿಕೊಂಡು ನಕ್ಕರು. "ಇದೇನು ಪರೀಕ್ಷಾ ತಗೋತಿ? ಇಕಿ ಸುಭದ್ರಾ." ಬೆರಳು ಹಳೆಯ ಚಿತ್ರದ ಕಡೆಗಿತ್ತು. "ವರ್ಷಾ ಬಂದು ಕೈ ಮುಗೀತೇನಿ, ಗೊತ್ತಿಲ್ಲೇನು?"

"ಮತ್ತ ಇದು?"

ಹೊಸದನ್ನು ಅವರು ಬಗ್ಗಿ ನೋಡಿದರು. "ಇದು ಯಾರದೋ. ಅಂಗಡ್ಯಾಗ ಬದ್ಲಿ ಆಗಿ ಬಂದದ ಕಾಣ್ತದ. ಹಲ್ಲು ನೋಡು, ಇಕಿ ಬಾಗಿಲ ಸಂದ್ಯಾಗಿಂದನೂ ಕಲ್ಲಂಗಡಿ ತಿಂತಾಳ."

ಅವರ ಮೊಮ್ಮಕ್ಕಳು ನಕ್ಕರು. ಅತ್ತೆ ನಗಲಿಲ್ಲ. ಮಂಚದ ಹತ್ತಿರ ನೆಲದ ಮೇಲೆ ಕೂತು ಅಣ್ಣನ ಮೊಣಕಾಲು ಹಿಡಿದರು.

"ಅಣ್ಣಾ, ಇದೇ ಮಾತು. ಇದೇ ಮಾತು ಅಂತಿದ್ದಿ ನೀ ಆಕಿಗಿ. ಬಾಗಿಲ ಸಂದ್ಯಾಗಿಂದ ಕಲ್ಲಂಗಡಿ ತಿಂತಿ ಅಂತ. ಆಕಿ ಅಳಾಕಿ, ಅವ್ವ ನಿನಗ ಬಾರಕೋಲು ತಗೊಂಡು ಬರಾಕಿ."

ಮಾಮಾನ ನಗು ಅರ್ಧಕ್ಕೆ ನಿಂತಿತು. ಹೆಸರುಕಾಯಿ ಹಿಡಿದ ಕೈಯೂ ನಿಂತಿತು. ಮತ್ತೊಮ್ಮೆ ಹೊಸ ಚಿತ್ರದ ಕಡೆ ನೋಡಿದರು. ಈ ಸಲ ಬಹಳ ಹೊತ್ತು. ಅವರ ತುಟಿ ಒಂದು ಹೆಸರಿಗೆ ಸಜ್ಜಾದದ್ದನ್ನು ನಾನು ನೋಡಿದೆ. ಅದನ್ನು ಯಾರ ಮುಂದೆ ಬೇಕಾದರೂ ಹೇಳಬಲ್ಲೆ. ಆಮೇಲೆ ಅವರು ತಲೆಯೆತ್ತಿದರು. ಎದುರಿಗೆ ದಿಲೀಪ ನಿಂತಿದ್ದ. ಬಾಯಿ ಸ್ವಲ್ಪ ತೆರೆದಿತ್ತು, ಉಸಿರು ಬಿಗಿಹಿಡಿದಿದ್ದ. ಮಾಮಾ ಅವನನ್ನು ನೋಡಿದರು, ತಂಗಿಯನ್ನು ನೋಡಿದರು.

"ಅಂತಿದ್ನೇನು? ನೆನಪಿಲ್ಲ ತಂಗೀ. ಐವತ್ತು ವರ್ಷದ ಮಾತು. ಸುಭದ್ರಾ ಅಂದ್ರ ನನ್ನ ಕಣ್ಣಿಗಿ ಈಗ ಇದೇ ಬರ್ತದ." ಹಳೆಯ ಚಿತ್ರವನ್ನು ತೋರಿಸಿದರು. "ಬ್ಯಾರೆ ಬರೂದೇ ಇಲ್ಲ."

ಅತ್ತೆಯ ಕೈ ಅವರ ಮೊಣಕಾಲಿನಿಂದ ಜಾರಿತು. ದಿಲೀಪ ಗೆದ್ದವನ ಹಾಗೆ ಕಾಣಲಿಲ್ಲ. ಅವನಿಗೂ ಏನೋ ಅನುಮಾನ ಉಳಿದಿತ್ತು. ಉಳಿದಿದ್ದಕ್ಕೇ ನನ್ನ ಕಡೆ ತಿರುಗಿದ.

"ನೀ ಇದ್ದಿ ಅಲ್ಲಿ. ಕಲ್ತಾಕಿ ಇದ್ದಿ, ಸುಳ್ಳು ಹೇಳಾಕಿ ಅಲ್ಲ. ಪೇಂಟರ್ ಏನಂದ್ರು? ಇದು ಚಿಗವ್ವನ್ನ ಕೂಡಿಸಿ ಬರದದ್ದು ಅಂತ ಖರೇನೇ ಅಂದ್ರೇನು?"

ಎಲ್ಲರೂ ನನ್ನನ್ನು ನೋಡಿದರು. ಹಳೆಯ ಚಿತ್ರ ನನ್ನಿಂದ ಎರಡು ಮಾರು ದೂರದಲ್ಲಿತ್ತು. ಬಗ್ಗಿ ಬೆರಳಿಟ್ಟು, ಈ ಕರಿದಾರ ನೋಡ್ರಿ, ಸತ್ತ ಹಿರೇಹೆಂಡತಿ ಕೊರಳಾಗ ಇದು ಯಾಕ ಇರ್ತದ ಎಂದಿದ್ದರೆ ಮುಗಿಯುತ್ತಿತ್ತು. ದಿಲೀಪ ದಡ್ಡನಲ್ಲ. ಆದರೆ ನಾನು ಅವನ ಮುಖ ನೋಡಿದೆ. ನಾಳೆ ಬೆಳಿಗ್ಗೆ ಅಂಗಡಿಗೆ ಹೊರಡುವಾಗ ಅವನು ಯಾವುದನ್ನು ಮುಟ್ಟುತ್ತಾನೆ? ಮುಟ್ಟದೆ ಹೋದರೆ, ಆ ದಿನದಿಂದ ಮನೆ ಹೇಗಿರುತ್ತದೆ? ಅದನ್ನು ಅವನ ಕೈಯಿಂದ ಕಸಿದವಳು ಯಾರಾಗುತ್ತೇನೆ? ನಾನು ಇಪ್ಪತ್ತೆರಡು ವರ್ಷ ಯಾರ ಸಿಟ್ಟೂ ನನ್ನ ಕಡೆ ತಿರುಗದ ಹಾಗೆ ಮಾತಾಡಿ ಬದುಕಿದವಳು.

"ಅವ್ರಿಗಿ ಭಾಳ ವಯಸ್ಸಾಗೇದ್ರಿ," ಅಂದೆ. "ನಾನ್ನೂರು ಮಂದೀನ ಬರದವ್ರು. ಯಾವುದು ಯಾರನ್ನ ಕೂಡಿಸಿ ಬರದದ್ದಂತ ಪಕ್ಕಾ ನೆನಪು ಇರ್ತದೋ ಇಲ್ಲೋ."

ಇದರಲ್ಲಿ ಒಂದು ಪದವೂ ಸುಳ್ಳಲ್ಲ. ಅವರಿಗೆ ವಯಸ್ಸಾಗಿದೆ. ನಾನ್ನೂರು ಅಂದದ್ದು ಅವರೇ. ನೆನಪಿನ ಬಗ್ಗೆ ನಾನು ಹೌದು ಎನ್ನಲಿಲ್ಲ, ಇಲ್ಲ ಎನ್ನಲಿಲ್ಲ. ದಿಲೀಪ ಉಸಿರು ಬಿಟ್ಟ. ಅತ್ತೆ ನನ್ನನ್ನು ಒಂದು ಸಲ ನೋಡಿದರು. ಸಿಟ್ಟಿರಲಿಲ್ಲ. ಬಾವಿಯ ಹಗ್ಗ ಕೈಬಿಟ್ಟು ಹೋದಾಗ ಕೆಳಗೆ ನೋಡುತ್ತಾರಲ್ಲ, ಹಾಗಿತ್ತು. ಆಮೇಲೆ ಎದ್ದು ಹೋಗಿ ವ್ಯಾನಿನಲ್ಲಿ ಕೂತರು.

ಹೊಸ ಚಿತ್ರವನ್ನು ದಿಲೀಪ ಅಂಗಡಿಯ ಗೋದಾಮಿನಲ್ಲಿ ಯೂರಿಯಾ ಚೀಲಗಳ ಹಿಂದೆ ಇಡಿಸಿದ. ಯಾರದೋ ಸತ್ತವರ ಫೋಟೊ ಮನೆಯಲ್ಲಿ ಇರಬಾರದು ಎಂದ. ಹಳೆಯದು ಗೋಡೆಗೆ ಬಂತು.

ಪಿತೃಪಕ್ಷದ ಆ ದಿನ ಹದಿನೈದು ಮಂದಿ ಸೇರಿದ್ದರು. ಔರಾದಿನಿಂದ ಮಾಮಾ ಬಂದಿದ್ದರು. ಖೀರು, ವಡೆ, ಕಡುಬು, ಭಜಿ, ಎಲ್ಲ ಅತ್ತೆಯೇ ಮಾಡಿದರು. ನನಗೆ ಕೈ ಹಚ್ಚಲೂ ಬಿಡಲಿಲ್ಲ. ಔರಾದಿನಿಂದ ಬಂದ ಮೇಲೆ ಅವರು ನನ್ನ ಜೊತೆ ಎಷ್ಟು ಬೇಕೋ ಅಷ್ಟೇ ಮಾತಾಡುತ್ತಿದ್ದರು. ದಿಲೀಪ ಚಿತ್ರದ ಮುಂದೆ ಮಣೆ ಹಾಕಿ, ಬಾಳೆಯೆಲೆಯಲ್ಲಿ ಎಡೆ ಬಡಿಸಿಟ್ಟು, ಧೂಪ ಹಾಕಿದ. ಎಡೆಯ ಮೊದಲ ತುತ್ತು ಮಾಳಿಗೆಯ ಮೇಲೆ ಕಾಗೆಗೆ ಹೋಗುವವರೆಗೂ ಯಾರೂ ಉಣ್ಣುವಂತಿಲ್ಲ. ಅವನು ಚೆಂಡುಹೂವಿನ ಹಾರ ತೆಗೆದು ಎಂದಿನಂತೆ ಅತ್ತೆಯ ಕೈಗೆ ಕೊಟ್ಟ.

"ಹಾಕು ಚಿಗವ್ವ."

ಅತ್ತೆ ಹಾರವನ್ನು ಮಡಿಚಿ ಮಣೆಯ ಪಕ್ಕ ಇಟ್ಟರು. ಸೀರೆಯ ನೆರಿಗೆ ಸರಿಮಾಡಿಕೊಂಡು, ಗೋಡೆಗೆ ಬೆನ್ನು ಹಚ್ಚಿ, ಚಿತ್ರದ ನೇರ ಕೆಳಗೆ ಕೂತರು. ಎಲೆಯನ್ನು ತಮ್ಮ ಕಡೆ ತಿರುಗಿಸಿಕೊಂಡರು. ಕಡುಬು ಮುರಿದು ತುಪ್ಪದಲ್ಲಿ ಅದ್ದಿ ಬಾಯಿಗಿಟ್ಟರು.

ಯಾರಿಗೂ ಒಂದು ಕ್ಷಣ ಏನಾಗುತ್ತಿದೆ ಎಂದೇ ತಿಳಿಯಲಿಲ್ಲ. ಮೊದಲು ಮಾತಾಡಿದವರು ಮಾಮಾ. "ಸಖೂ, ಕಾಗಿಗಿ ಇನ್ನಾ ಇಟ್ಟಿಲ್ಲ."

"ಯಾರಿಗಿ ಹಿಡದಾರೋ ಅವ್ರೇ ಉಣ್ಣಾಕತ್ಯಾರ. ನಡುವ ಕಾಗಿ ಯಾಕ?"

ಅವರು ಗಡಿಬಿಡಿ ಮಾಡಲಿಲ್ಲ. ವಡೆ ತಿಂದರು, ಭಜಿ ತಿಂದರು. ಮೇಲೆ ಗೋಡೆಯಲ್ಲಿ ಹತ್ತೊಂಬತ್ತರ ಮುಖ, ಕೆಳಗೆ ಅಗಿಯುತ್ತಿದ್ದ ಅರವತ್ತೈದರ ಮುಖ, ಒಂದೇ ಹುಬ್ಬು, ಒಂದೇ ತುಟಿಗೆರೆ. ಹದಿನೈದು ಮಂದಿಯ ಕಣ್ಣಿಗೂ ಕಾಣುವ ಹಾಗೆ ಇತ್ತು. ನೋಡಲಿ, ಈಗಲಾದರೂ ಒಬ್ಬರು ನೋಡಲಿ ಎಂದು ನಾನು ಒಬ್ಬೊಬ್ಬರ ಮುಖವನ್ನೂ ನೋಡಿದೆ. ಅವರು ನೋಡುತ್ತಿದ್ದದ್ದು ಎಲೆಯನ್ನು. ಸತ್ತವರ ಎಡೆಯನ್ನು ಉಣ್ಣುತ್ತಿರುವ ಕೈಯನ್ನು.

ದಿಲೀಪ ಬಂದ ನೆಂಟರ ಕಡೆ ತಿರುಗಿ ಮೆಲ್ಲಗೆ ಹೇಳಿದ, "ಚಿಗವ್ವಗ ವಯಸ್ಸಾಗೇದ್ರಿ. ಯಾವುದು ಯಾರದಂತ ನೆನಪು ಪಕ್ಕಾ ಇರಂಗಿಲ್ಲ."

ಎಲ್ಲರೂ ತಲೆಯಾಡಿಸಿದರು. ಪಾಪ ಎಂದರು. ನಮ್ಮಜ್ಜಿಗೂ ಕೊನೀಕೊನೀಗಿ ಹಿಂಗೇ ಆಗಿತ್ತು ಎಂದರು ಒಬ್ಬರು. ಅವನು ಆಡಿದ್ದು ನನ್ನ ಮಾತು. ಅವನಿಗೆ ಅದು ನೆನಪಿತ್ತೋ ಇಲ್ಲವೋ.

"ಸಿದ್ದಿ," ಅಂದರು ಅತ್ತೆ ಎಲೆಯಿಂದ ತಲೆಯೆತ್ತದೆ, "ಇನ್ನೊಂದು ಸೌಟು ಖೀರು ಹಾಕು."

ನಾನು ಹಾಕಿದೆ. ಆಮೇಲೆ ಬೇರೆ ಎಡೆ ಮಾಡಿ, ದಿಲೀಪನೇ ಹಾರ ಹಾಕಿ, ಕಾಗೆಗೆ ಇಟ್ಟು ಬಂದ.

ಮುಂದಿನ ವಾರ ಅವನು ಅತ್ತೆಯನ್ನು ಬೀದರಿನ ಡಾಕ್ಟರ ಹತ್ತಿರ ಕರೆದುಕೊಂಡು ಹೋದ. ಒಳ್ಳೆಯ ಮಗ, ಅದರಲ್ಲಿ ಎರಡು ಮಾತಿಲ್ಲ. ತಲೆಯ ಸ್ಕ್ಯಾನ್ ಮಾಡಿಸಿದ. ವಯಸ್ಸಿನದು, ಹೆಚ್ಚೇನಿಲ್ಲ ಎಂದರಂತೆ. ಎರಡು ಮಾತ್ರೆ ಬರೆದುಕೊಟ್ಟಿದ್ದಾರೆ. ಒಂದು ತಲೆ ತಿರುಗುವುದಕ್ಕೆ, ಒಂದು ನೆನಪಿನ ಶಕ್ತಿಗೆ. ಹೊತ್ತಿಗೆ ಸರಿಯಾಗಿ ಕೊಡುವುದು ನನ್ನ ಕೆಲಸ.

ನಿನ್ನೆ ಮಾತ್ರೆಯನ್ನು ಅಂಗೈಯಲ್ಲಿ ಹಿಡಿದುಕೊಂಡು ಕೇಳಿದರು. "ಇದು ತಗೊಂಡ್ರ ಏನಾಗ್ತದ? ಆಕಿ ಮಾರಿ ಮರಿತದೇನು?"

"ಊಟ ಆದ ಮ್ಯಾಲ ತಗೋಬೇಕಂತರಿ ಅತ್ತಿ," ಅಂದೆ, ನೀರಿನ ಲೋಟ ಕೊಡುತ್ತಾ.